ನಾಲ್ಕು ಹೆಸರಿನ ಮುತ್ತಜ್ಜಿಗೆ

ಹರಿಹರ, ಫೆಬ್ರವರಿ 30, 2131

ನಿಮ್ಮ ನಿಜವಾದ ಹೆಸರು ಗೊತ್ತಿಲ್ಲದೆ ಬರೆಯುತ್ತಿದ್ದೇನೆ, ಕ್ಷಮಿಸಿ. ತಾರೀಕು ತಪ್ಪಲ್ಲ; ಈಗ ಎಲ್ಲ ತಿಂಗಳಿಗೂ ಮೂವತ್ತೇ ದಿನ. ಈ ಪತ್ರ ನಿಮ್ಮ ಕಾಲಕ್ಕೆ ತಲುಪಿದರೆ, ನನ್ನ ಮಾತುಗಳು ವಿಚಿತ್ರವೆನಿಸಿದರೂ ಕೊನೆಯವರೆಗೆ ಓದಿ. ನೀವು ನನ್ನ ಅಮ್ಮನ ಮುತ್ತಜ್ಜಿ. ನಾನು ನೀಲಾಂಬೆ, ನನ್ನ ತಂಗಿ ಮಂದಾರೆ.

ನೀವು ಕಲಾವಿದೆ ಎಂದು ಅಮ್ಮ ಹೇಳುತ್ತಿದ್ದಳು. ಬಣ್ಣ, ಕುಂಚ ಇಲ್ಲದ ಕಲೆಯಂತೆ. ಟಿವಿ ಕಾರ್ಯಕ್ರಮಗಳಿಗೆ ಬೇರೆ ಬೇರೆ ಹೆಂಗಸಾಗಿ ಹೋಗಿ ಕೂರುತ್ತಿದ್ದಿರಿ. ಅಡುಗೆ ಕಾರ್ಯಕ್ರಮದಲ್ಲಿ ಗದಗಿನ ಶಾಂತವ್ವ, ಚರ್ಚೆಯಲ್ಲಿ ನರ್ಸ್ ಫಿಲೋಮಿನಾ, ಕ್ವಿಜ್‌ನಲ್ಲಿ ಬ್ಯಾಂಕಿನ ವಸುಮತಿ, ಇನ್ನೊಂದರಲ್ಲಿ ಕಳೆದುಹೋದ ತಂಗಿಗಾಗಿ ಅಳುವ ಖೈರುನ್ನಿಸಾ. ಹೆಸರು, ಉಡುಗೆ, ಮಾತಿನ ಧಾಟಿ ಬದಲಾದರೆ ಜನ ನಿಮ್ಮನ್ನು ಹೇಗೆ ಕಾಣುತ್ತಾರೆ ಎಂದು ನೋಡುವುದೇ ನಿಮ್ಮ ಕೆಲಸವಾಗಿತ್ತಂತೆ. ಚಿಕ್ಕವರಿದ್ದಾಗ ನಾವು ಅದನ್ನೆಲ್ಲ ನೋಡಿ ಹೊಟ್ಟೆ ಹುಣ್ಣಾಗುವಷ್ಟು ನಗುತ್ತಿದ್ದೆವು.

ದೊಡ್ಡ ನೆರೆಯಲ್ಲಿ ಊರಿನ ಕಾಗದಪತ್ರಗಳೆಲ್ಲ ಹೋದವು. ಉಳಿದದ್ದು ಹಳೆಯ ಟಿವಿ ದೃಶ್ಯಗಳು ಮಾತ್ರ. ಹಾಗಾಗಿ ಕಳೆದ ವರ್ಷ ಮುಖಗಣತಿ ಶುರುವಾಯಿತು. ಒಬ್ಬೊಬ್ಬರನ್ನೇ ಕೋಣೆಗೆ ಕರೆದು, ಹಳೆಯ ಮುಖಗಳನ್ನು ತೋರಿಸಿ, ನಿಮ್ಮ ಹಿರಿಯರು ಯಾರು ಎಂದು ಕೇಳುತ್ತಾರೆ. ಬೆರಳಿಟ್ಟ ಮುಖದ ಹೆಸರೇ ನಮ್ಮ ವಂಶ. ವಂಶಕ್ಕೊಂದು ಕೇರಿ. ಒಬ್ಬಳಿಗೇ ನಾಲ್ಕು ಹೆಸರಿತ್ತು ಎಂದರೆ ಕಾನೂನು ಒಪ್ಪುವುದಿಲ್ಲ.

ನಾನು ಹೆದರಿ ವಸುಮತಿಯನ್ನು ತೋರಿಸಿದೆ. ಪಕ್ಕದ ಕೋಣೆಯಲ್ಲಿ ಮಂದಾರೆ ಖೈರುನ್ನಿಸಾಳನ್ನು ತೋರಿಸಿದಳು. ಅಳುವಾಗ ಅಮ್ಮನ ಹಾಗೇ ಕಾಣುತ್ತಾಳೆಂದು. ಹೊರಗೆ ಬರುವಷ್ಟರಲ್ಲಿ ನಾವು ಅಕ್ಕತಂಗಿಯರಾಗಿ ಉಳಿದಿರಲಿಲ್ಲ. ಅದೇ ಸಂಜೆ ಅವಳ ಹಾಸಿಗೆ, ಬಾಚಣಿಗೆ ಹೊಳೆಯಾಚೆಯ ಕೇರಿಗೆ ಹೋದವು. ಬೇರೆ ವಂಶದವರನ್ನು ಅಕ್ಕ, ಅಣ್ಣ ಎಂದು ಕರೆಯುವುದೂ ಇಲ್ಲಿ ಅಪರಾಧ. ಹೋದ ವಾರ ನೀರಿನ ಸಾಲಿನಲ್ಲಿ ಅವಳು ಬಾಯ್ತಪ್ಪಿ, "ಅಕ್ಕಾ, ಹುಷಾರಾಗಿದೀಯಾ?" ಅಂದುಬಿಟ್ಟಳು. ಸಾಲಿನವರೆಲ್ಲ ತಿರುಗಿ ನೋಡಿದರು.

"ಯಾರನ್ನ ಕರೀತಿದೀರಿ?" ಎಂದೆ ನಾನು, ಕೊಡದ ಬಾಯಿಯನ್ನೇ ನೋಡುತ್ತ.

ಕೊಡ ತುಂಬುವ ಮೊದಲೇ ಎತ್ತಿಕೊಂಡು ಮನೆಗೆ ಬಂದೆ.

ಮೊನ್ನೆ ಅಮ್ಮನ ಸರದಿ ಬಂತು. ಒಂದು ಮುಖ ತೋರಿಸಿದರೆ ಅವಳು ಒಬ್ಬ ಮಗಳಿಗೆ ಮಾತ್ರ ತಾಯಿ. ನಾನು ಬಾಗಿಲ ಹೊರಗೆ ನಿಂತಿದ್ದೆ.

"ಇವ್ರಲ್ಲಿ ನಿಮ್ಮೋರು ಯಾರು?" ಅಧಿಕಾರಿ ಮೆತ್ತಗೇ ಕೇಳಿದ.

"ನಾಕೂ ನಮ್ಮೋರೇ ಸ್ವಾಮಿ. ನಾಕೂ ಒಬ್ಬಳೇ."

"ಹಂಗೆ ಬರಿಯಾಕೆ ಬರಲ್ಲಮ್ಮ. ಒಬ್ರನ್ನ ತೋರ್ಸಿ."

"ಹಂಗಿದ್ರೆ ಬರೀಬೇಡಿ."

ಯಾರೋ ಎದ್ದು ಬಂದು ಬಾಗಿಲು ಮುಚ್ಚಿದರು. ಎರಡು ದಿನವಾಯಿತು, ಅಮ್ಮ ಮನೆಗೆ ಬಂದಿಲ್ಲ. ಕಚೇರಿಗೆ ಹೋಗಿ ಕೇಳಿದರೆ, ನೀವು ಅವರಿಗೆ ಏನಾಗಬೇಕು ಎನ್ನುತ್ತಾರೆ. ನಾನು ಎದ್ದು ಬಂದೆ.

ನಾಳೆ ನನ್ನನ್ನೂ ಮಂದಾರೆಯನ್ನೂ ಮತ್ತೆ ಆ ಕೋಣೆಗಳಿಗೆ ಕರೆದಿದ್ದಾರೆ. ನಿಮ್ಮ ಕಲೆಯನ್ನು ಬಿಡಿ ಎನ್ನಲಾರೆ. ಆದರೆ ಮುಂದಿನ ಸಲ ಕ್ಯಾಮೆರಾ ಎದುರು ಕೂತಾಗ, ಆ ನಾಲ್ವರೂ ನಾನೇ ಎಂದು ಒಮ್ಮೆ ಬಾಯಿಬಿಟ್ಟು ಹೇಳಿ. ಜನ ಬಯ್ದಾರು, ಮತ್ತೆಂದೂ ಕರೆಯದೆ ಇದ್ದಾರು. ಆದರೂ ಹೇಳಿ. ನಿಮ್ಮ ಹೆಸರನ್ನೂ ಹೇಳಿ. ಬೇರೆ ಬೇರೆ ಕೋಣೆಯಲ್ಲಿ ಕೂರಿಸಿ ಕೇಳಿದರೂ ನಾವಿಬ್ಬರೂ ಅದೊಂದೇ ಹೆಸರು ಹೇಳುತ್ತೇವೆ.

ಇಂತಿ,
ನಿಮ್ಮ ಮರಿಮೊಮ್ಮಗಳ ಮಗಳು, ಮಂದಾರೆಯ ಅಕ್ಕ,
ನೀಲಾಂಬೆ