ಅಕ್ಕನ ಕೌದಿ

ಡಿಸೆಂಬರ್ ೯, ಮಂಗಳವಾರ. ಪಿಂಪ್ರಿ.

ಅಕ್ಕ ಯಂಕವ್ವ ಅವ್ವನ ಹಳೆಯ ಇಳಕಲ್ ಸೀರೆಯಿಂದ ಹೊಲಿದ ಕೌದಿ ನನಗಲ್ಲ, ದೇಹೂ ರೋಡಿನ ತಮ್ಮ ಮಲಕಪ್ಪನಿಗಂತೆ! ಎರಡು ತಿಂಗಳು ಅವಳ ಸೂಜಿಗೆ ದಾರ ಪೋಣಿಸಿದವನು ನಾನು. ಎಪ್ಪತ್ತರಲ್ಲೂ ಕನ್ನಡಕವಿಲ್ಲದೆ ಪೋಣಿಸುವ ಗಂಡಸು ಈ ಕಾಲನಿಯಲ್ಲಿ ಇನ್ನೊಬ್ಬನಿಲ್ಲ.

ಕೌದಿ ಹಸಿದಿರಬಾರದೆಂದು ಕೊನೆಯ ಮೂಲೆಯೊಳಗೆ ರೊಟ್ಟಿಯ ಚೂರಿಟ್ಟು ಹೊಲಿಯುವುದು ನಮ್ಮಲ್ಲಿಯ ಪದ್ಧತಿ. ಅಕ್ಕ ಕತ್ತರಿ ಹುಡುಕುವಷ್ಟರಲ್ಲಿ ಆ ಚೂರನ್ನು ತಿಂದುಬಿಟ್ಟೆ. ಮಲಕಪ್ಪ ಹಸಿದ ಕೌದಿಯನ್ನೇ ಹೊದೆಯಲಿ.

“ನೀ ಏಳು ವರ್ಷ ಅವ್ವನ ಮಗ್ಗಲದಾಗ ಮಲಗಿದಿ. ಅವಾ ಹುಟ್ಟಿದ ತಿಂಗಳಿಗೇ ಅವ್ವ ಹೋದ್ಳು. ಇದರಾಗೂ ನಿನಗ ಪಾಲು ಬೇಕೇನೋ?” ಎಂದಳು ಅಕ್ಕ.

ಮೀಸೆ ಒರೆಸಿಕೊಂಡೆ. ಒಳಗೆ ಹೋಗಿ ರೊಟ್ಟಿಯ ಇನ್ನೊಂದು ಚೂರು ಮುರಿದು ತಂದುಕೊಟ್ಟೆ. ಮೊದಲಿನದಕ್ಕಿಂತ ಸ್ವಲ್ಪ ಚಿಕ್ಕದು.