ಸರಿ ಸಂಖ್ಯೆ ನಿನಗೆ, ಬೆಸ ಸಂಖ್ಯೆ ನನಗೆ

ಬಸವೇಶ್ವರನಗರ, ಬೆಂಗಳೂರು
೭ ಏಪ್ರಿಲ್ ೨೦೨೫

ಪ್ರೀತಿಯ ತಮ್ಮ ಗಿರಿರಾಜನಿಗೆ,

ನಿನ್ನ ಅಕ್ಕ ಜಗದಾಂಬಾಳ ಆಶೀರ್ವಾದ. ನಿನ್ನ ಮಂಡಿನೋವು ಕಡಿಮೆಯಾಗಿದೆ ಎಂದು ನಿನ್ನ ಹೆಂಡತಿ ಹೇಮಶ್ರೀ ಹೇಳಿದಳು, ಕೇಳಿ ಸಮಾಧಾನವಾಯಿತು. ಯುಗಾದಿಗೇ ಬರೆಯಬೇಕೆಂದಿದ್ದೆ. ನೆಂಟರು, ಹೋಳಿಗೆ, ಪಾತ್ರೆ ತೊಳೆಯುವುದು ಎಂದು ವಾರವೇ ಕಳೆದುಹೋಯಿತು, ತಡವಾದದ್ದಕ್ಕೆ ಬೇಸರ ಮಾಡಿಕೊಳ್ಳಬೇಡ. ರಾಜರಾಜೇಶ್ವರಿನಗರವೇನು ರಷ್ಯಾದಲ್ಲಿದೆಯೇ, ಒಂದು ಫೋನ್ ಮಾಡಬಾರದಿತ್ತೇ ಎಂದು ನೀನು ನಗುತ್ತೀಯ. ಮಾಡಬಹುದಿತ್ತು. ಆದರೆ ಫೋನಿನಲ್ಲಿ ನೀನು ಎಲ್ಲದಕ್ಕೂ ‘ಹೂಂ, ಹೂಂ’ ಅನ್ನುತ್ತೀಯ, ಒಂದು ಮಾತೂ ಕಿವಿಗೆ ಬಿದ್ದಿರುವುದಿಲ್ಲ. ನನ್ನ ಕಣ್ಣಿನ ಆಪರೇಷನ್ ವಿಷಯ ಹೇಳಿದಾಗಲೂ ಹೂಂ ಅಂದೆ. ಮಾರನೆಯ ದಿನ ಫೋನ್ ಮಾಡಿ ‘ಅಕ್ಕ, ಏನ್ ಸಮಾಚಾರ?’ ಅಂತ ಕೇಳಿದವನೂ ನೀನೇ. ಕಾಗದವಾದರೆ ಕೊನೆಯವರೆಗೆ ಓದಲೇಬೇಕು.

ಈಗ ವಿಷಯಕ್ಕೆ ಬರುತ್ತೇನೆ. ನನ್ನ ಮೊಮ್ಮಗಳು ನಿಖಿತಾ ನಮ್ಮ ಬಡಾವಣೆಯಲ್ಲಿ ದೊಡ್ಡ ಹೆಸರು ಮಾಡಿದ್ದಾಳೆ. ಹೆತ್ತವರಿಗೆ ಹೆಗ್ಗಣ ಮುದ್ದು ಎಂದು ನೀನು ಆಡಿಕೊಂಡರೂ ಸರಿ, ಇವತ್ತು ನಾನು ಅವಳನ್ನು ಹೊಗಳಿಯೇ ಹೊಗಳುತ್ತೇನೆ.

ಹೋದ ದೀಪಾವಳಿಗೆ ಮನೆ ಗುಡಿಸುವಾಗ ಅಟ್ಟದ ಮೇಲಿದ್ದ ಅಪ್ಪನ ಪುಸ್ತಕಗಳು ಅವಳ ಕೈಗೆ ಸಿಕ್ಕವು. ಗೊತ್ತಲ್ಲ, ಆ ಸ್ಕಾಟ್ಲೆಂಡಿನ ಸಾಹಸಕಥೆಗಾರನ ಸಮಗ್ರ ಕೃತಿಗಳು. ಧೂಳು ಒರೆಸುತ್ತಾ ಒಂದೊಂದರ ಬೆನ್ನನ್ನೂ ನೋಡಿ, ‘ಅಜ್ಜಿ, ಬರೀ ಒಂದು, ಮೂರು, ಐದು, ಏಳು ಇದೆಯಲ್ಲ! ಎರಡು, ನಾಲ್ಕನ್ನ ಇಲಿ ತಿಂತಾ?’ ಎಂದಳು.

‘ಇಲಿ ಅಲ್ಲ ಕಣೇ, ನಿನ್ನ ಗಿರಿ ಅಜ್ಜ’ ಎಂದೆ. ಕೋಪ ಮಾಡಿಕೊಳ್ಳಬೇಡ, ಬಾಯಿಗೆ ಬಂದುಬಿಟ್ಟಿತು.

ಆಮೇಲೆ ಅವಳನ್ನು ಕೂರಿಸಿಕೊಂಡು ಎಲ್ಲವನ್ನೂ ಹೇಳಿದೆ. ಗುರುಬಸಪ್ಪ ಮೇಷ್ಟ್ರು ಎಂದರೆ ರಾಜಾಜಿನಗರದಲ್ಲಿ ಯಾರಿಗೆ ಗೊತ್ತಿರಲಿಲ್ಲ? ಕಂಟೋನ್ಮೆಂಟಿನ ಯಾವುದೋ ಬಂಗಲೆಯ ಸಾಮಾನು ಹರಾಜಿಗೆ ಬಂದಾಗ, ಅವ್ವನಿಗೆ ಬಟ್ಟೆ ಇಡಲು ಕಪಾಟು ತರುತ್ತೇನೆ ಎಂದು ಹೋದ ಅಪ್ಪ ಸೈಕಲ್ಲಿನ ಕ್ಯಾರಿಯರ್‌ಗೆ ಇಪ್ಪತ್ತು ಸಂಪುಟ ಕಟ್ಟಿಕೊಂಡು ಬಂದದ್ದು. ಅವ್ವ ಸೊಂಟದ ಮೇಲೆ ಕೈಯಿಟ್ಟು, ‘ಕಪಾಟು ತರತೀನಂತ ಹೋಗಿ ಕಪಾಟಿನ್ಯಾಗ ಇಡೋದು ತಂದ್ರೆಲ್ಲ, ಭಾಳ ಛಲೋ ಆತು’ ಎಂದದ್ದು. ನಿಖಿತಾ ಬಿದ್ದು ಬಿದ್ದು ನಕ್ಕಳು.

ಊಟಕ್ಕೆ ಮುಂಚೆ ಅಪ್ಪ ಲಾಟೀನು ಹತ್ತಿರ ಎಳೆದುಕೊಂಡು, ಇಂಗ್ಲಿಷಿನಲ್ಲಿ ಓದುತ್ತಾ ಓದುತ್ತಾ ನಮ್ಮ ರಾಣೆಬೆನ್ನೂರಿನ ಕನ್ನಡದಲ್ಲಿ ಕಥೆ ಹೇಳುತ್ತಿದ್ದರು. ನೀನು ಚಾಪೆಯ ಮೇಲೆ ಅವರ ಬೆನ್ನಿಗೆ ಒರಗಿಕೊಂಡಿರುತ್ತಿದ್ದೆ. ನಾನು ಅವರ ಹಿಂದಿನ ಅಡುಗೆಮನೆಯ ಬಾಗಿಲ ಮರೆಯಲ್ಲಿ ಅವ್ವನ ಜೊತೆ ರೊಟ್ಟಿ ಬಡಿಯುತ್ತಿದ್ದೆ. ಹಡಗು ಬಂಡೆಗೆ ಬಡಿಯುವ ಹೊತ್ತಿಗೆ ಸರಿಯಾಗಿ ಅಪ್ಪ ನಿಲ್ಲಿಸಿ, ‘ಹೂಂ ಅನ್ನಲೇ ಗಿರಿ, ಇಲ್ಲಂದ್ರ ಹಡಗು ಮುಂದಕ ಹೋಗಂಗಿಲ್ಲ’ ಎನ್ನುತ್ತಿದ್ದರು. ಹೂಂ ಎಂದ ಮೇಲೆ ಹಡಗು ಮುಂದಕ್ಕೆ ಹೋಗುತ್ತಿತ್ತು. ಕಥೆ ಮುಗಿದ ಮೇಲೆ ನಿನ್ನನ್ನು ಊಟಕ್ಕೆ ಎಬ್ಬಿಸುವಷ್ಟರಲ್ಲಿ ಅವ್ವನಿಗೆ ಸಾಕುಸಾಕಾಗುತ್ತಿತ್ತು. ಮನೆಗೆ ಯಾರೇ ಬರಲಿ, ‘ನನ್ನ ಮಗ ಇಪ್ಪತ್ತೂ ಸಂಪುಟ ಕೇಳ್ಯಾನ’ ಎಂದು ಅಪ್ಪ ಎದೆಯುಬ್ಬಿಸಿ ಹೇಳುತ್ತಿದ್ದರು.

ಅಪ್ಪ ಹೋದ ಮೇಲೆ ಪಾಲಾದದ್ದನ್ನೂ ಹೇಳಬೇಕಾಯಿತು. ‘ಕೇಳಿದವನು ನಾನು, ನಿನಗ್ಯಾಕಕ್ಕ ಈ ಇಂಗ್ಲಿಷ್ ಪುಸ್ತಕ?’ ಎಂದು ನೀನು. ಪುಸ್ತಕ ಹೊಸ್ತಿಲು ದಾಟಿದರೆ ನೋಡು ಎಂದು ನಾನು. ನಡುವೆ ನಮ್ಮ ಚನ್ನಮಲ್ಲಪ್ಪ ಮಾವ ನ್ಯಾಯ ಹೇಳಲು ಕೂತು, ಪಂಕ್ತಿಯಲ್ಲಿ ಹೋಳಿಗೆ ಬಡಿಸಿದ ಹಾಗೆ ‘ಇದು ಅವಳಿಗೆ, ಇದು ಅವನಿಗೆ’ ಎಂದು ಒಂದು ಬಿಟ್ಟು ಒಂದು ಹಂಚಿಬಿಟ್ಟರು. ಎಣಿಕೆಯೇನೋ ಸರಿಯಾಯಿತು. ಕೆಲವು ಕಥೆಗಳು ಎರಡೆರಡು ಸಂಪುಟಗಳಿಗೆ ಹರಡಿವೆ ಎಂದು ಆ ಪುಣ್ಯಾತ್ಮರಿಗೆ ಹೊಳೆಯಲಿಲ್ಲ. ಹಟದಲ್ಲಿದ್ದ ನಾವಿಬ್ಬರೂ ಬಾಯಿ ಬಿಡಲಿಲ್ಲ. ಅಂದಿನಿಂದ ನನ್ನ ಮನೆಯಲ್ಲಿ ಹಡಗು ಹೊರಡುತ್ತದೆ, ನಿನ್ನ ಮನೆಯಲ್ಲಿ ದಡ ಸೇರುತ್ತದೆ.

ನಿಖಿತಾ ಇದನ್ನೆಲ್ಲ ಕೇಳಿ ಸುಮ್ಮನೆ ಕೂರುವ ಜಾತಿಯಲ್ಲ. ಜ್ಞಾನಭಾರತಿಯಲ್ಲಿ ಎಂ.ಎ. ಓದುತ್ತಾಳೆ, ಬಸ್ಸಿನಲ್ಲಿ ಹೋಗುತ್ತಾ ಬರುತ್ತಾ ನನ್ನ ಪಾಲಿನ ಸಂಪುಟಗಳನ್ನು ಓದಿ ಮುಗಿಸಿದಳು. ಸಂಕ್ರಾಂತಿ ಕಳೆದ ಮೇಲೆ ಒಂದು ಭಾನುವಾರ ಸಂಜೆ ಪಾರ್ಕಿನ ಕಲ್ಲುಬೆಂಚಿನ ಮೇಲೆ ಕೂತು, ಆಡುತ್ತಿದ್ದ ನಾಲ್ಕಾರು ಮಕ್ಕಳಿಗೆ ಕಥೆ ಶುರು ಮಾಡಿದಳು. ಈಗ ಬಂದು ನೋಡಬೇಕು ನೀನು! ಹುಲ್ಲಿನ ಮೇಲೆ ಕಾಲಿಡಲು ಜಾಗವಿಲ್ಲ. ಸುಂಕದಕಟ್ಟೆಯಿಂದ ಸಂಪತ್ ಎಂಬುವರು ತಮ್ಮ ಪುಟ್ಟ ಮಗಳು ಬಿಂದುಶ್ರೀಯನ್ನು ಸ್ಕೂಟರಿನಲ್ಲಿ ಕೂರಿಸಿಕೊಂಡು ಬರುತ್ತಾರೆ. ಈ ಬಡಾವಣೆ ಹೊಲವಾಗಿದ್ದ ಕಾಲದಿಂದ ಇಲ್ಲಿರುವ ಕೆಂಚಪ್ಪನವರು ವಾಕಿಂಗ್ ಬಿಟ್ಟು ಹಿಂದಿನ ಸಾಲಿನಲ್ಲಿ ಕೂರುತ್ತಾರೆ. ‘ನಮ್ ಕಾಲದ್ ಕೆರೆ ತುಂಬಿದ್ರೂ ಇಂಥಾ ಅಲೆ ನಾನ್ ನೋಡಿಲ್ಲ ಕಣವ್ವ’ ಎಂದು ಮೊನ್ನೆ ನಿಖಿತಾಳಿಗೆ ಶಹಬ್ಬಾಸ್ ಕೊಟ್ಟರು.

ಅವಳು ಹೇಳುವ ರೀತಿಯೋ, ಅಪ್ಪನದೇ. ಅದೇ ಕಣ್ಣು ಕಿರಿದು ಮಾಡುವುದು, ಗಾಳಿ ಬೀಸಿದಾಗ ದನಿ ಇಳಿಸುವುದು. ಅಪ್ಪ ಹೋದಾಗ ಅವಳಿಗೆ ಇನ್ನೂ ಹಾಲುಹಲ್ಲು ಬಿದ್ದಿರಲಿಲ್ಲ, ಇದನ್ನೆಲ್ಲ ಎಲ್ಲಿಂದ ಕಲಿತಳೋ! ಹೂಂ ಅನ್ನಿಸುವುದನ್ನು ಮಾತ್ರ ನಾನು ಹೇಳಿಕೊಟ್ಟೆ. ‘ಹೂಂ ಅನ್ರೋ, ಇಲ್ಲಾಂದ್ರೆ ಹಡಗು ಮುಂದೆ ಹೋಗಲ್ಲ’ ಎಂದರೆ ಸಾಕು, ಪಾರ್ಕಿಗೆ ಪಾರ್ಕೇ ‘ಹೂಂ’ ಎನ್ನುತ್ತದೆ. ಮೊದಲನೇ ಸಲ ಅದನ್ನು ಕೇಳಿದಾಗ ಸೆರಗಿನಿಂದ ಕಣ್ಣೊರೆಸಿಕೊಂಡೆ ಕಣೋ. ನಮ್ಮ ಮನೆಯ ಹುಡುಗಿ ಎಂದು ಎದೆ ತುಂಬಿ ಬಂತು.

ಹೋದ ಭಾನುವಾರ ಹಡಗು ಒಡೆಯಿತು. ಹುಡುಗ ಒಂದು ಹಲಗೆ ಹಿಡಿದುಕೊಂಡು ಅಲೆಯ ಮೇಲೆ ತೇಲುತ್ತಿದ್ದಾನೆ. ಅಲ್ಲಿಗೆ ಏಳನೆಯ ಸಂಪುಟ ಮುಗಿಯಿತು.

‘ಆಮೇಲೇನಾಯ್ತಕ್ಕ?’ ಎಂದಳು ಬಿಂದುಶ್ರೀ.

‘ಉಳಿದಿದ್ದು ನಮ್ಮ ಗಿರಿ ಅಜ್ಜನ ಮನೇಲಿದೆ ಪುಟ್ಟಿ. ಆರ್.ಆರ್. ನಗರದಲ್ಲಿ.’

‘ಅಲ್ಲಿಗೆ ಮೆಟ್ರೋ ಇದೆಯಲ್ವಾ? ಹೋಗಿ ತಗೊಂಬನ್ನಿ!’

ಎಲ್ಲರೂ ನಕ್ಕರು. ನನಗೆ ನಗು ಬರಲಿಲ್ಲ. ಆ ಮಗುವಿಗೆ ಹೊಳೆದದ್ದು ಹದಿನೇಳು ವರ್ಷದಿಂದ ನಮಗೆ ಹೊಳೆಯಲಿಲ್ಲವಲ್ಲ ಎನ್ನಿಸಿತು. ಮನೆಗೆ ಬಂದ ಮೇಲೆ ನಿಖಿತಾ, ‘ಅಜ್ಜಿ, ಫೋನಲ್ಲಿ ಫ್ರೀಯಾಗೇ ಸಿಗತ್ತೆ, ಎರಡು ನಿಮಿಷದ ಕೆಲಸ’ ಎಂದಳು. ‘ಸಿಕ್ಕರೆ ಸಿಗಲಿ. ಈ ಕಥೆ ನಮ್ಮಪ್ಪನ ಪುಸ್ತಕದಿಂದಲೇ ಹೊರಗೆ ಬರಬೇಕು’ ಎಂದೆ. ‘ನಿನ್ನ ಹಟಕ್ಕೆ ಆ ಹುಡುಗ ನೀರಲ್ಲೇ ಇರ್ಬೇಕು ನೋಡು’ ಎಂದು ಮುಖ ಊದಿಸಿಕೊಂಡಳು. ಆದರೂ ಫೋನು ಮುಟ್ಟಲಿಲ್ಲ. ನಮ್ಮ ರಕ್ತ ಕಣೋ ಅದು.

ಇನ್ನೊಂದು ಸುದ್ದಿ. ಪಾರ್ಕಿನ ಪಕ್ಕದ ಕೋಣೆಯಲ್ಲಿ ಪುಸ್ತಕ ಇಡಲು ನಮ್ಮ ಸಂಘದವರು ಜಾಗ ಕೊಟ್ಟಿದ್ದಾರೆ. ನಾನು ತೇಗದ ಕಪಾಟು ಮಾಡಿಸಿದ್ದೇನೆ. ಗಾಜಿನ ಬಾಗಿಲು, ಮೇಲೆ ‘ಗುರುಬಸಪ್ಪ ಮೇಷ್ಟ್ರು, ಮುತ್ತವ್ವ’ ಎಂದು ಇಬ್ಬರ ಹೆಸರೂ ಕೆತ್ತಿಸಿದ್ದೇನೆ. ಅವ್ವ ಕೇಳಿದ ಕಪಾಟು ಅಂತೂ ಬಂತು, ಅದರಲ್ಲಿ ಅವಳ ಸೀರೆಗೆ ಜಾಗವಿಲ್ಲ ಅಷ್ಟೇ. ಬಸವ ಜಯಂತಿಯ ದಿನ ಸಂಜೆ ಬಾಗಿಲು ತೆಗೆಯುತ್ತೇವೆ. ಹತ್ತು ಸಂಪುಟ ಇಟ್ಟು ನಡುನಡುವೆ ಹತ್ತು ಸಂದು ಬಿಟ್ಟರೆ, ಹಲ್ಲುದುರಿದ ಬಾಯಿಯ ಹಾಗೆ ಕಾಣುತ್ತದೆ. ಅದಕ್ಕೇ ಕೇಳುತ್ತಿದ್ದೇನೆ. ನಿನ್ನ ಪಾಲಿನ ಪುಸ್ತಕಗಳನ್ನು ತೆಗೆದುಕೊಂಡು ಬಾ. ನನಗೆ ಕೊಡಬೇಡ, ನನ್ನ ಮೇಲೆ ಸಿಟ್ಟಿದ್ದರೆ ಇರಲಿ. ನೀನೇ ನಿನ್ನ ಕೈಯಾರೆ ಕಪಾಟಿನಲ್ಲಿಡು. ಅಪ್ಪನ ಪುಸ್ತಕಗಳು ಒಂದು ಕಡೆ ಸೇರಿದ್ದನ್ನು ನೋಡಿ ಕಣ್ಣು ಮುಚ್ಚಬೇಕು ಎನ್ನುವುದೊಂದೇ ನನ್ನ ಆಸೆ.

ಹೇಮಶ್ರೀಯನ್ನೂ ಕರೆದುಕೊಂಡು ಬಾ. ನಿನಗೆ ಎಣ್ಣೆಗಾಯಿ, ಜೋಳದ ರೊಟ್ಟಿ ಮಾಡಿರುತ್ತೇನೆ. ಬಸವಣ್ಣ ನಿಮ್ಮಿಬ್ಬರಿಗೂ ಆಯುಷ್ಯ ಆರೋಗ್ಯ ಕೊಡಲಿ, ನಿನ್ನ ಮಂಡಿಗೆ ನಮ್ಮ ಮನೆಯ ಮೆಟ್ಟಿಲು ಹತ್ತುವ ಶಕ್ತಿ ಕೊಡಲಿ.

ಇಂತಿ ನಿನ್ನ ಅಕ್ಕ,
ಜಗದಾಂಬಾ

ತಾ.ಕ.: ಕಾಗದ ಮಡಿಸಿದ್ದೆ, ಮತ್ತೆ ಬಿಚ್ಚಿದೆ. ಇದನ್ನೂ ಬರೆದುಬಿಡುತ್ತೇನೆ. ಗಿರಿ, ನೀನು ಕಥೆ ಶುರುವಾದ ಸ್ವಲ್ಪ ಹೊತ್ತಿಗೆ ನಿದ್ದೆ ಹೋಗುತ್ತಿದ್ದೆ. ಚಿಕ್ಕವನು, ನಿನ್ನದೇನೂ ತಪ್ಪಿಲ್ಲ. ಹಡಗು ನಿಂತುಬಿಡುತ್ತದಲ್ಲ ಎಂದು ಬಾಗಿಲ ಮರೆಯಿಂದ ಹೂಂ ಎನ್ನುತ್ತಿದ್ದವಳು ನಾನು. ಅಪ್ಪ ಒಂದು ದಿನವೂ ತಿರುಗಿ ನೋಡಲಿಲ್ಲ. ಅವರು ಹಾಸಿಗೆ ಹಿಡಿದಾಗ ನೀನು ಹುಬ್ಬಳ್ಳಿಯ ಕೆಲಸದಲ್ಲಿದ್ದೆ. ಅವರಿಗೆ ಕಣ್ಣೂ ಕಾಣುತ್ತಿರಲಿಲ್ಲ. ಒಂದು ಮಧ್ಯಾಹ್ನ ಗಂಜಿ ಕುಡಿಸುತ್ತಿದ್ದೆ, ತಾವಾಗಿಯೇ ಹಡಗಿನ ಕಥೆ ಶುರು ಮಾಡಿದರು. ನಡುವೆ ನಿಲ್ಲಿಸಿ, ‘ಗಿರಿ, ಕೇಳಾಕತ್ತಿಯೇನೋ?’ ಎಂದರು. ‘ನಾನಪ್ಪ, ಜಗದಾಂಬಾ’ ಎನ್ನುವ ಮಾತು ನಾಲಿಗೆಯ ತುದಿಗೆ ಬಂದಿತ್ತು. ಹಾಗೆಂದರೆ ಕಥೆ ಅಲ್ಲೇ ನಿಲ್ಲುತ್ತದೇನೋ ಎಂದು ಹೆದರಿ ‘ಹೂಂ’ ಎಂದೆ. ಕೊನೆಯವರೆಗೂ ಹೇಳಿದರು. ಮುಗಿದ ಮೇಲೆ ನನ್ನ ತಲೆಯ ಮೇಲೆ ಕೈಯಿಟ್ಟು, ‘ಭೇಷ್ ಗಿರಿ, ನೀ ಒಬ್ಬನಽ ಪೂರಾ ಕೇಳಿದವ’ ಎಂದರು. ಬಸವ ಜಯಂತಿಯ ದಿನ ನೀನು ಯಾರಿಗೂ ಏನೂ ಹೇಳುವುದು ಬೇಡ. ಪುಸ್ತಕಗಳನ್ನಿಟ್ಟು ಬಂದು ಬೆಂಚಿನ ಮೇಲೆ ನನ್ನ ಪಕ್ಕ ಕೂತುಕೋ. ನಿಖಿತಾ ಕಥೆ ನಿಲ್ಲಿಸಿ ನಮ್ಮ ಕಡೆ ನೋಡಿದಾಗ, ಮೊದಲನೇ ಹೂಂ ನನಗೆ ಬಿಡು.