ದೇವಸ್ಥಾನದ ಪಕ್ಕದ ಬಾಗಿಲು, ನಮ್ಮಪ್ಪನ ‘ನಾಳೆ’ ಮತ್ತು ಅನಾದಿ ಕಾಲ

ದೇವಸ್ಥಾನದ ಮಾನ್ಯ ಆಡಳಿತಾಧಿಕಾರಿಗಳೇ,

ಗಲ್ಲಿಯ ಕಡೆಗಿರುವ ಪಕ್ಕದ ಬಾಗಿಲಿಗೆ ತಾವು ಹೋದ ತಿಂಗಳು ಹಿತ್ತಾಳೆ ಫಲಕವೊಂದನ್ನು ಹಾಕಿಸಿದ್ದೀರಿ: ‘ಅನಾದಿ ಕಾಲದಿಂದ ನಡೆದುಬಂದ ಸಂಪ್ರದಾಯದಂತೆ ಈ ದ್ವಾರವು ಮುಚ್ಚಿರತಕ್ಕದ್ದು.’ ಅಕ್ಷರಗಳು ಅಂದವಾಗಿವೆ. ಬಿಗಿದ ಸ್ಕ್ರೂಗಳೂ ಗಟ್ಟಿಯಾಗಿವೆ. ಒಕ್ಕಣೆ ಮಾತ್ರ ಸುಳ್ಳು. ಆ ಬಾಗಿಲು ಮುಚ್ಚಿ ಮೂವತ್ತನಾಲ್ಕು ವರ್ಷವಾಯಿತು. ಅದು ಮುಚ್ಚಿಕೊಂಡೇ ಉಳಿಯಲು ಕಾರಣ ನಮ್ಮಪ್ಪ. ತಾವು ಅನಾದಿ ಕಾಲ ಎಂದು ಗೌರವದಿಂದ ಕರೆಯುತ್ತಿರುವುದು, ಸ್ವಾಮಿ, ನಮ್ಮಪ್ಪನ ಸೋಮಾರಿತನವನ್ನು.

ನಮ್ಮದು ಬೀಗ ರಿಪೇರಿಯವರ ಮನೆ. ತಾತ, ಅಪ್ಪ, ಈಗ ನಾನು. ಮೂವತ್ತನಾಲ್ಕು ವರ್ಷದ ಹಿಂದೆ ಆ ಬಾಗಿಲಿನ ಮೇಲಿನ ಕೀಲು ಮುರಿಯಿತು. ಗಾಳಿ ಬೀಸಿದಾಗಲೆಲ್ಲ ಕದ ಬಡಿದುಕೊಂಡು ಒಳಗೆ ದೀಪ ಆರುತ್ತಿತ್ತು. ಆಗಿನ ಅರ್ಚಕರು ಬಾಗಿಲಿಗೆ ಬೀಗ ಹಾಕಿ ಅಪ್ಪನಿಗೆ ಹೇಳಿಕಳಿಸಿದರು. ಅಪ್ಪ ಬಂದರು, ಅಳತೆ ತೆಗೆದುಕೊಂಡರು, ‘ನಾಳೆ ಬರ್ತೀನಿ’ ಅಂದರು. ನಮ್ಮಪ್ಪನ ನಾಳೆ ಎಂಥದ್ದೆಂದು ನಮ್ಮಮ್ಮನಿಗೆ ಗೊತ್ತಿತ್ತು, ಪಾಪ, ಅರ್ಚಕರಿಗೆ ಗೊತ್ತಿರಲಿಲ್ಲ. ಅರ್ಚಕರು ನಿವೃತ್ತರಾದರು. ಅಪ್ಪನೂ ತೀರಿಕೊಂಡರು. ಬೀಗ ಹಾಗೇ ಉಳಿಯಿತು.

ಇದರಿಂದ ಯಾರಿಗೇನು ನಷ್ಟ ಎನ್ನುವಿರಾ? ನನ್ನ ಸೋದರತ್ತೆಗೆ. ವಯಸ್ಸು ಎಂಬತ್ತೊಂದು, ಬಾಯಿಗೆ ಮಾತ್ರ ಇಪ್ಪತ್ತು. ಮುಂಬಾಗಿಲಿಗೆ ಹದಿನೇಳು ಮೆಟ್ಟಿಲು, ಪಕ್ಕದ ಬಾಗಿಲಿಗೆ ಒಂದೂ ಇಲ್ಲ. ತಮ್ಮನಾದ ನಮ್ಮಪ್ಪನನ್ನು ಬಯ್ಯುತ್ತಲೇ ಮೂವತ್ತೆರಡು ವರ್ಷ ಮೆಟ್ಟಿಲು ಹತ್ತಿದರು. ಈಗೆರಡು ವರ್ಷದಿಂದ ಮಂಡಿ ಕೈಕೊಟ್ಟಿದೆ. ಕುರ್ಚಿಯಲ್ಲಿ ಕೂರಿಸಿ ಎತ್ತಿಕೊಂಡು ಹೋಗೋಣವೆಂದರೆ, “ನಾನೇನು ಮೂಟೆನಾ? ಸುಮ್ನಿರೋ!” ಎನ್ನುತ್ತಾರೆ.

ಹಾಗಾಗಿ ಎರಡು ತಿಂಗಳ ಹಿಂದೆ, ಕೀಲು ಸರಿಮಾಡಿಕೊಡುತ್ತೇನೆ, ಬಾಗಿಲು ತೆರೆಯಿರಿ ಎಂದು ತಮ್ಮ ಕಚೇರಿಗೆ ಅರ್ಜಿ ಹಿಡಿದು ಬಂದೆ. ತಮ್ಮ ಗುಮಾಸ್ತರು ಕನ್ನಡಕ ಮೇಲಕ್ಕೇರಿಸಿ, “ಅದು ಸಂಪ್ರದಾಯ ಕಣ್ರೀ” ಅಂದರು.

“ಯಾವಾಗಿಂದ ಸರ್?”

“ನಾನು ಕೆಲಸಕ್ಕೆ ಸೇರ್ದಾಗಿಂದ ಹಾಗೇ ಇದೆ.”

“ನೀವು ಸೇರಿ ಎಷ್ಟು ವರ್ಷ ಆಯ್ತು?”

“ಹನ್ನೊಂದು.”

ಜೊತೆಗೆ ತಾವು ಅಚ್ಚು ಹಾಕಿಸಿದ ಕಿರುಹೊತ್ತಗೆಯನ್ನೂ ಕೊಟ್ಟರು. ಮುಚ್ಚಿದ ಬಾಗಿಲು ಇಂದ್ರಿಯನಿಗ್ರಹದ ಸಂಕೇತವೆಂದು ಅದರ ನಾಲ್ಕನೆಯ ಪುಟದಲ್ಲಿದೆ. ನಮ್ಮಪ್ಪ ಬದುಕಿದ್ದರೆ ಎಷ್ಟು ಹಿಗ್ಗುತ್ತಿದ್ದರೋ! ನನ್ನ ಅರ್ಜಿಗೆ ಉತ್ತರ ಬರಲಿಲ್ಲ. ಫಲಕ ಬಂತು.

ಮಾನ್ಯರೇ, ಸಂಪ್ರದಾಯದ ಬಗ್ಗೆ ನನಗೆ ತಾತ್ಸಾರವಿಲ್ಲ. ಬೆಳಗ್ಗೆ ಕೈಮುಗಿಯದೆ ನಾನೂ ಅಂಗಡಿ ತೆರೆಯುವುದಿಲ್ಲ. ಆದರೆ ನಮ್ಮ ಧರ್ಮ ಯಾವ ಕಾಲದಲ್ಲಿ ಅಲ್ಲಾಡದೆ ಕೂತಿತ್ತು, ಹೇಳಿ? ಮೊದಲು ಗುಡಿಯೇ ಇರಲಿಲ್ಲ. ಬಯಲಲ್ಲಿ ಇಟ್ಟಿಗೆ ಜೋಡಿಸಿ ಅಗ್ನಿ ಹೊತ್ತಿಸುತ್ತಿದ್ದರು, ಮುಗಿದ ಮೇಲೆ ಎದ್ದು ಹೋಗುತ್ತಿದ್ದರು. ಆಮೇಲೆ ಗುಡಿ ಬಂತು. ಗುಡಿಯ ಸುತ್ತ ಪಾಠಶಾಲೆ, ಕಣಜ, ಕೆರೆ, ಜಗಳ ತೀರಿಸುವ ಕಟ್ಟೆ ಎಲ್ಲ ಬಂದವು. ದೇವರ ಜೊತೆ ಮಾತಾಡಲು ದೊಡ್ಡ ಭಾಷೆಯೇ ಬೇಕೆಂದು ಕೆಲವರು ಹಟ ಹಿಡಿದಾಗ, ನೇಯುವವರು, ಚಪ್ಪಲಿ ಹೊಲಿಯುವವರು, ನೀರು ಹೊರುವ ಹೆಂಗಸರು ಮನೆಮಾತಿನಲ್ಲೇ ಹಾಡಿದರು. ದೇವರು ದುಭಾಷಿಯನ್ನು ಕೇಳಿದ್ದು ಎಲ್ಲೂ ದಾಖಲಾಗಿಲ್ಲ. ಅದೇ ಗುಡಿಗಳು, ಕಲ್ಲು ಕೆತ್ತಿದ ಕೈಗಳನ್ನೇ ಹೊಸಿಲಾಚೆ ನಿಲ್ಲಿಸಿದ್ದೂ ನಿಜ. ಅದಕ್ಕೂ ಆಗ ಅನಾದಿ ಎಂದೇ ಹೆಸರಿತ್ತು.

ನಮ್ಮ ತಾತನದು ಅಂಥ ಕೈ. ಗರ್ಭಗುಡಿಯ ದೊಡ್ಡ ಬೀಗ ಅವರು ಮಾಡಿದ್ದು. ಮಾಡಿ, ಹೊರಗಿನಿಂದಲೇ ಹೊಸಿಲ ಮೇಲಿಟ್ಟು ಬಂದಿದ್ದರು, ಒಳಗೆ ಪ್ರವೇಶವಿರಲಿಲ್ಲ. ಎಪ್ಪತ್ತೆರಡು ವರ್ಷದ ಹಿಂದೆ ಎಲ್ಲರೂ ಒಳಗೆ ಬರಬಹುದೆಂದು ಆದೇಶವಾದಾಗ, ಮುಂಬಾಗಿಲಿಗೆ ಅಡ್ಡ ಜನ ನಿಂತರು. ಆಗಿನ ಅರ್ಚಕರು, ಅಂದರೆ ನಾನು ಮೇಲೆ ಹೇಳಿದ ಅರ್ಚಕರ ತಂದೆ, ವಾದಕ್ಕೆ ಹೋಗಲಿಲ್ಲ. ಒಳಗಿನಿಂದ ಬಂದು ಪಕ್ಕದ ಬಾಗಿಲು ತೆಗೆದು, “ಬನ್ನಿ, ಇದೂ ಅವನ ಮನೆ ಬಾಗಿಲೇ” ಅಂದರು. ತನ್ನ ಅಮ್ಮನ, ಅಂದರೆ ನಮ್ಮಜ್ಜಿಯ, ಸೆರಗು ಹಿಡಿದು ಒಳಗೆ ಹೋದ ಒಂಬತ್ತು ವರ್ಷದ ಹುಡುಗಿಯೇ ನಮ್ಮತ್ತೆ. “ಒಳಗೆ ಏನ್ ನೋಡ್ದೆ ಅತ್ತೆ?” ಎಂದು ಕೇಳಿದರೆ, “ದೇವರನ್ನ ಎಲ್ಲಿ ನೋಡ್ದೆ? ಅಮ್ಮ ಅಳ್ತಿದ್ಲು, ಅವಳನ್ನೇ ನೋಡ್ತಿದ್ದೆ” ಎನ್ನುತ್ತಾರೆ.

ಈ ಬಾಗಿಲಿನ ವಿಚಾರ ಹೋದ ವಾರ ತಮ್ಮ ಕೋಣೆಯಲ್ಲೇ ಮಾತಿಗೆ ಬಂತು. ನಿವೃತ್ತ ಅರ್ಚಕರನ್ನು ನಾನೇ ಕೈಹಿಡಿದು ಕರೆತಂದಿದ್ದೆ. ತಾವು ವಿನಯದಿಂದಲೇ, “ಈ ಸಂಪ್ರದಾಯದ ಮೂಲ ಏನು ಗುರುಗಳೇ?” ಎಂದು ಕೇಳಿದಿರಿ. ಅವರು, “ಮೂಲ ಏನ್ ಬಂತು? ಗಾಳಿ! ದೀಪ ಆರ್ತಿತ್ತು, ಬೀಗ ಹಾಕ್ದೆ. ಇವರಪ್ಪ ನಾಳೆ ಬರ್ತೀನಿ ಅಂದೋನು ಬರ್ಲೇ ಇಲ್ಲ” ಅಂದರು. ಗುಮಾಸ್ತರಿಗೆ ನಗು ತಡೆಯಲಾಗಲಿಲ್ಲ. ತಾವು ಮಾತ್ರ ಬಹಳ ಹೊತ್ತು ಯೋಚಿಸಿ, ಭಕ್ತರ ಭಾವನೆಯ ಪ್ರಶ್ನೆ ಎಂದು ಹೇಳಿ, ಆಡಳಿತದ ಇತಿಹಾಸದಲ್ಲೇ ಅಪರೂಪದ ಆದೇಶ ಬರೆದಿರಿ: ಕೀಲು ರಿಪೇರಿ ಮಾಡಬಹುದು, ಬಾಗಿಲು ತೆರೆಯಕೂಡದು.

ರಿಪೇರಿ ಮಾಡಿದ್ದೇನೆ. ಕೀಲು ಸರಿ ಕೂತಿದೆಯೇ ಎಂದು ನೋಡಲು ಮೂರು ಸಲ ತೆಗೆದು ಮುಚ್ಚಿದೆ. ಯಾರ ಭಾವನೆಗೂ ಪೆಟ್ಟಾಗಲಿಲ್ಲ. ಗಲ್ಲಿಯಲ್ಲಿ ಹೋಗುತ್ತಿದ್ದ ತರಕಾರಿಯವಳು ಗಾಡಿ ನಿಲ್ಲಿಸಿ, ಅಲ್ಲಿಂದಲೇ ಕೈಮುಗಿದು ಮುಂದೆ ಹೋದಳು. ಆಮೇಲೆ ತಮ್ಮವರು ಹೊಸ ಬೀಗ ಜಡಿದರು. ಅಗ್ಗದ್ದು. ಬೇಜಾರಾಗಬೇಡಿ, ಕಸುಬಿನವನ ಮಾತು.

ಅದನ್ನು ತೆಗೆಯಲು ನನಗೆ ಒಂದೂವರೆ ನಿಮಿಷ ಸಾಕು. “ಬಾ ಅತ್ತೆ, ನಾನೇ ತೆಗೀತೀನಿ” ಎಂದು ಮೊನ್ನೆ ಹೇಳಿಯೂಬಿಟ್ಟೆ. ಅತ್ತೆ ನನ್ನನ್ನು ಸುಟ್ಟುಬಿಡುವಂತೆ ನೋಡಿದರು.

“ಕದ್ದು ಹೋಗೋಕೆ ನಾನೇನು ಕಳ್ಳಿನೇನೋ? ಅವತ್ತು ಬನ್ನಿ ಅಂದ್ರು, ಹೋದ್ವಿ. ಇವತ್ತೂ ಯಾರಾದ್ರೂ ಬನ್ನಿ ಅನ್ಲಿ. ಇಲ್ದಿದ್ರೆ ಅವನೇ ಹೊರಗೆ ಬಂದು ನನ್ನ ನೋಡ್ಕೊಂಡು ಹೋಗ್ಲಿ.”

ದೇವರಿಗೆ ಆ ತೊಂದರೆ ಕೊಡುವುದು ಬೇಡ. ಆದ್ದರಿಂದ ನನ್ನ ಬೇಡಿಕೆ ಇಷ್ಟೇ. ಬರುವ ಸೋಮವಾರ ಬೆಳಗ್ಗೆ ಎಂಟಕ್ಕೆ ಅತ್ತೆಯನ್ನು ಕರೆದುಕೊಂಡು ಗಲ್ಲಿಯಲ್ಲಿ ನಿಂತಿರುತ್ತೇನೆ. ಸಮಿತಿ ಬೇಡ, ಸುತ್ತೋಲೆ ಬೇಡ, ಹೊಸ ಫಲಕವಂತೂ ಬೇಡವೇ ಬೇಡ. ತಾವೇ ಒಳಗಿನಿಂದ ಬಂದು, ತಮ್ಮ ಕೈಯಾರೆ ಬಾಗಿಲು ತೆಗೆದು, ‘ಬನ್ನಿ ಅಮ್ಮ’ ಎನ್ನಬೇಕು. ಅವರು ನಿಧಾನವಾಗಿ ಬರುತ್ತಾರೆ. ಅಲ್ಲಿಯವರೆಗೆ ಕದ ಹಿಡಿದುಕೊಂಡು ನಿಂತಿರಬೇಕು.

ಇಂತಿ,
ಬೀಗ ತೆಗೆಯಬಲ್ಲ, ಅತ್ತೆಯ ಮಾತು ಮೀರಲಾರದ,
ಗಲ್ಲಿಯ ಮೂಲೆ ಅಂಗಡಿಯ ಬೀಗ ರಿಪೇರಿಯವನು